ಅಪ್ಪಾರ ಹೆಸರು ಪರದೆ ಮ್ಯಾಲೆ ಬಂತು, ಎಲ್ಲಾರಿಗೂ ಶರಣ್ರೀ

ಮೊನ್ನೆ ಧಾರವಾಡದಾಗ ನಮ್ಮ ಭಾಗದ ಸಾಥಿ ಕಲಾವಿದರ, ಅಂದ್ರ ಹಾಡೋರ ಜೋಡಿ ಕೂತು ಬಾರಿಸೋರ ಮ್ಯಾಲೆ ಮಾಡಿದ ಡಾಕ್ಯುಮೆಂಟರಿ ತೋರಿಸಿದ್ರು, ಅದರಾಗ ನಮ್ಮ ಅಪ್ಪಾರು ಅದಾರ, ನಾನೂ ಅದೀನಿ. ಆವತ್ತಿಂದ ಫೋನ್ ನಿಂತಿಲ್ಲ, ಒಬ್ಬೊಬ್ಬರಿಗೆ ಹೇಳಾಕ ಆಗವಲ್ದು, ಅದಕ್ಕ ಇಲ್ಲೇ ಬರ್ಯಾಕತ್ತೀನಿ.

ಅಪ್ಪಾರು ಗದಗಿನ್ಯಾಗ ಪೇಟಿ, ಅಂದ್ರ ಹಾರ್ಮೋನಿಯಂ ಮಾಸ್ತರು. ನಾಟಕ ಕಂಪನಿಗೆ ನುಡಿಸ್ಯಾರ, ಕುಂದಗೋಳದಾಗ ಹಿಂದೂಸ್ತಾನಿ ಗಾಯಕ ಸವಾಯಿ ಗಂಧರ್ವರ ಪುಣ್ಯತಿಥಿಗೆ ರಾತ್ರಿಪೂರ್ತಿ ಕೂತು ಸಾಥ್ ಕೊಟ್ಟಾರ, ಭೀಮಸೇನ ಜೋಶಿಯವರು, ಗಂಗೂಬಾಯಿ ಹಾನಗಲ್ಲರು ಗುರುವಿನ ಊರು ಅಂತ ಬಂದು ಹಾಡಿದ ಜಾಗಾ ಅದು. ಮೀಂಡ್, ಅಂದ್ರ ಒಂದು ಸ್ವರದಿಂದ ಇನ್ನೊಂದಕ್ಕ ಜಾರಿಕೊಂಡು ಹೋಗೂದು, ಪೇಟಿಯೊಳಗ ಬರೂದಿಲ್ಲ ಅಂತ ರೇಡಿಯೋದಾಗ 1940ರಿಂದ 1971ರ ತನಕ ಹಾರ್ಮೋನಿಯಮ್ಮಿಗೆ ಪ್ರವೇಶನ ಇರಲಿಲ್ಲ, ಹಂಗಾಗಿ ಆ ಕಾಲದ ಪೇಟಿಯವರ ಕೈ ಹಳೇ ರೆಕಾರ್ಡಿಂಗಿನ್ಯಾಗ ಸಿಗೂದು ಬಾಳ ಕಷ್ಟ. ಆಮ್ಯಾಲೆ ವಿಡಿಯೋ ಬಂದ್ರೂ ಕ್ಯಾಮೆರಾ ಹಾಡೋರ ಮ್ಯಾಲೇ.

ಮೊದಲ ಶರಣು ಕುಂದಗೋಳದ ಕಾಕಾರಿಗೆ. ಅಪ್ಪಾರು ಸಾಥ್ ಕೊಟ್ಟ ಕಚೇರಿಯ ವಿಎಚ್ಎಸ್ ವಿಡಿಯೋ ಕ್ಯಾಸೆಟ್ ಅರಿಬಿ ಸುತ್ತಿ ಟ್ರಂಕಿನ್ಯಾಗ ಇಟ್ಟಿದ್ರು, ಅದರ ಮ್ಯಾಲೆ ಯಾರ ಮದುವೀನೂ ರೆಕಾರ್ಡ್ ಮಾಡಸಲಿಲ್ಲ. ಹುಬ್ಬಳ್ಳಿ ಕೊಪ್ಪಿಕರ ರೋಡಿನ ಸ್ಟುಡಿಯೋದ ತಮ್ಮಾ, ನಿನಗ ಎಷ್ಟು ಹೇಳಿದ್ರೂ ಕಮ್ಮಿನಪಾ. ರೀಲಿಗೆ ಬಿಳೇ ಬೂಷ್ಟು ಹಿಡದಿತ್ತು, ಹಂಗ ವಿಸಿಆರಿಗೆ ಹಾಕಿದ್ರ ಹೆಡ್ಡಿಗೆ ಹತ್ತಿ ಮುಂದಿನ ಕ್ಯಾಸೆಟ್ಟೂ ಕೆಡತಾವ ಅಂತ ಹೇಳಿ, ಕ್ಯಾಸೆಟ್ ಬಿಚ್ಚಿ, ರೀಲ್ ಸಾವಕಾಶ ಒರಿಸಿ, ಆಮ್ಯಾಲ ಕಂಪ್ಯೂಟರಿಗೆ ಇಳಿಸಿಕೊಟ್ಟ.

ಅದರಾಗ ಅಪ್ಪಾರ ಮುಖ ಅರ್ಧಾನೂ ಕಾಣೂದಿಲ್ಲ, ಬಲಕ್ಕ ಅಂಚಿನ್ಯಾಗ ತಿದಿ ಒತ್ತೋ ಎಡಗೈ ಅಷ್ಟ. ನಮ್ಮ ತಬಲಾ ಮಾಸ್ತರು ಕನ್ನಡಕ ಒರಿಸ್ಕೊಂಡು ನೋಡಿ, "ಕಿರುಬೆರಳು ಹಂಗ ಎತ್ತಿ ಹಿಡಿಯಾವ ಒಬ್ಬನ, ನಿಮ್ಮ ಅಪ್ಪ" ಅಂದ್ರು. ಮಾಸ್ತರ, ನಿಮ್ಮ ಕಾಲಿಗೆ ಬಿದ್ದೆ. ನೀವು ಗುರ್ತು ಹಿಡೀದಿದ್ರ ಅದು ಯಾರದೋ ಕೈ ಆಗಿ ಹೋಗತಿತ್ತು.

ಡಾಕ್ಯುಮೆಂಟರಿ ಮಾಡಿದ ಡೈರೆಕ್ಟರ್ ತಾಯಿಗೂ ಶರಣು. ನನ್ನ ಅಂಗಿಗೆ ಮೈಕ್ ಸಿಗಿಸಿ, ಫ್ಯಾನ್ ಬಂದ್ ಮಾಡಿ ಕುಂದ್ರಿಸಿದಾಗ ನನ್ನ ಬಾಯಿಂದ ಮಾತೇ ಹೊರಡವಲ್ದು, ಅವರು ಅವಸರ ಮಾಡಲಿಲ್ಲ, ಅಪ್ಪಾರ ಪೇಟಿ ತರಿಸಿ "ಮೊದಲ ಇದನ್ನ ಬಾರಸ್ರಿ ಅಣ್ಣಾರ, ಮಾತು ಆಮ್ಯಾಲ, ಮನ್ಯಾಗ ಆಡೋವಂಗ ಆಡ್ರಿ ಸಾಕು" ಅಂದ್ರು. ಹಂಗ ಬಂದ ಮಾತೇ ಸಿನಿಮಾದಾಗ ಇರೂದು. ನನ್ನ ಹೆಸರು ತೋರಿಸೂಕಿಂತ ಮೊದಲ ಆ ಕೈ ತೋರಿಸಿ, ಕೆಳಗ ಹಾರ್ಮೋನಿಯಂ ಅಂತ ಬರದು ಅಪ್ಪಾರ ಪೂರ್ತಿ ಹೆಸರು ಹಾಕ್ಯಾರ. ಅವ್ವ ಅದನ್ನ ನೋಡಿ ನನ್ನ ಕೈ ಗಟ್ಟಿ ಹಿಡ್ಕೊಂಡ್ಲು.

ಇನ್ನೊಂದು ಮಾತ್ರೀ. ಅದ ಫ್ರೇಮಿನ್ಯಾಗ ಹಾಡೋರ ಹಿಂದ ಹಸಿರು ಇಳಕಲ್ಲ ಸೀರಿ ಉಟ್ಟು ತಂಬೂರಿ ಹಿಡಿದ ಹುಡುಗಿ ಅದಾರ, ಅವರ ಹೆಸರು ಇನ್ನೂ ಸಿಕ್ಕಿಲ್ಲ. ಕುಂದಗೋಳ, ಹುಬ್ಬಳ್ಳಿ ಕಡೆ ಯಾರಿಗರ ಗೊತ್ತಿದ್ರ ತಿಳಸ್ರಿ, ಡೈರೆಕ್ಟರ್ ತಾಯಿ ಅವರ ಹೆಸರೂ ಸೇರಸ್ತೀನಿ ಅಂದಾರ.