ಅವನ ಮುಖ ನೋಡು

ಪ್ರೀತಿಯ ಗೆಳೆಯಾ,

ಮೊನ್ನೆ ಫೋನಲ್ಲಿ ನೀನಂದೆಯಲ್ಲ, ಸಿಟ್ಟಿನ ಬರಹಗಾರರಿಗೆ ಬೈಯುವುದಷ್ಟೇ ಗೊತ್ತು, ಇನ್ನೊಬ್ಬರ ಮಾತು ಕಿವಿಗೆ ಹಾಕಿಕೊಳ್ಳುವುದಿಲ್ಲ ಅಂತ. ಅವತ್ತು ಸುಮ್ನಿದ್ದೆ. ನಿನ್ನೆ ರಾತ್ರಿ ಅಮೆರಿಕದ ಕಪ್ಪು ಲೇಖಕ ಜೇಮ್ಸ್ ಬಾಲ್ಡ್ವಿನ್ ಕುರಿತ ಹಳೆಯ ಟೀವಿ ಚಿತ್ರವನ್ನು ಮತ್ತೆ ನೋಡಿದೆ. ಉತ್ತರ ಬರೆಯದೆ ಇರಲಾಗಲಿಲ್ಲ.

‘ಟೇಕ್ ದಿಸ್ ಹ್ಯಾಮರ್’ ಅಂತ ಅದರ ಹೆಸರು. 1963ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಕೆಕ್ಯೂಇಡಿ ಟೀವಿಗಾಗಿ ರಿಚರ್ಡ್ ಮೂರ್ ಮಾಡಿದ್ದು. ಆ ದಿನಗಳಲ್ಲೇ ಅಮೆರಿಕದ ದಕ್ಷಿಣದ ಬರ್ಮಿಂಗ್‌ಹ್ಯಾಮ್‌ನಲ್ಲಿ ಮೆರವಣಿಗೆ ಹೊರಟ ಕಪ್ಪು ಮಕ್ಕಳ ಮೇಲೆ ಪೊಲೀಸರು ನಾಯಿ ಬಿಟ್ಟಿದ್ದರು. ನಮ್ಮೂರು ಹಾಗಲ್ಲಪ್ಪ ಅನ್ನುವ ಸಮಾಧಾನ ಸ್ಯಾನ್ ಫ್ರಾನ್ಸಿಸ್ಕೋದವರಿಗೆ. ಬಾಲ್ಡ್ವಿನ್ ಆ ಸಮಾಧಾನ ಕೆಡಿಸುತ್ತಾನೆ. ನಿಮ್ಮೂರಿಗೂ ಬರ್ಮಿಂಗ್‌ಹ್ಯಾಮ್‌ಗೂ ನೀತಿಯಲ್ಲಿ ವ್ಯತ್ಯಾಸವೇನೂ ಇಲ್ಲ ಅಂತ ಮುಖಕ್ಕೆ ಹೇಳುತ್ತಾನೆ.

ಆದರೆ ಅದೇ ಊರಿನ ಹಂಟರ್ಸ್ ಪಾಯಿಂಟ್ ಬಡಾವಣೆ ಕಡೆಯ ಹುಡುಗರ ಜೊತೆ ಅವನನ್ನು ನೋಡಬೇಕು ಕಣೋ. ಅವರಿಗೆ ಕೆಲಸವಿಲ್ಲ. ಊರು ಸುಧಾರಿಸುತ್ತೇವೆ ಅಂತ ಕಪ್ಪು ಜನರ ಮನೆಗಳನ್ನು ಕೆಡವುತ್ತಿದ್ದಾರೆ. ಬಾಲ್ಡ್ವಿನ್ ಆ ದೊಡ್ಡ ಕಣ್ಣುಗಳನ್ನು ಅವರ ಮೇಲೇ ನೆಟ್ಟು ಕೇಳುತ್ತಾನೆ. ಈ ದೇಶಕ್ಕೆ ಕಪ್ಪು ಅಧ್ಯಕ್ಷ ಯಾವತ್ತೂ ಬರಲ್ಲ ಅನ್ನುತ್ತಾನೆ ಒಬ್ಬ ಹುಡುಗ. ಯಾಕೆ ಅಂತ ಬಾಲ್ಡ್ವಿನ್ ಕೇಳಿದರೆ, ಕೆಲಸವೇ ಸಿಗಲ್ಲ, ಇನ್ನು ಅಧ್ಯಕ್ಷ ಆಗೋದು ಹೇಗೆ ಅಂತ ಉತ್ತರ. ಬಾಲ್ಡ್ವಿನ್ ಬುದ್ಧಿ ಹೇಳಲು ಹೋಗುವುದಿಲ್ಲ. ನೀನು ಹೇಳೋದು ಸರಿ ಅಂತ ಮೊದಲು ಸೋಲೊಪ್ಪಿಕೊಳ್ಳುತ್ತಾನೆ. ಆಮೇಲೆ, ಕಪ್ಪು ಅಧ್ಯಕ್ಷ ಬಂದೇ ಬರುತ್ತಾನೆ, ಆದರೆ ಅದು ಈಗ ನಾವು ಕೂತಿರುವ ದೇಶ ಆಗಿರುವುದಿಲ್ಲ ಅನ್ನುತ್ತಾನೆ. ಆ ‘ಮೊದಲು’ ನನಗೆ ತುಂಬಾ ಮುಖ್ಯ.

ಅಲ್ಲೇ 16 ವರ್ಷದ ಹುಡುಗನೊಬ್ಬ, ನನಗೆ ದೇಶವಿಲ್ಲ, ಬಾವುಟವಿಲ್ಲ ಅಂದನಂತೆ. ಕೆಲವೇ ದಿನಗಳ ನಂತರ ಮನಶ್ಶಾಸ್ತ್ರಜ್ಞ ಕೆನೆತ್ ಕ್ಲಾರ್ಕ್ ಮಾಡಿದ ಇನ್ನೊಂದು ಟೀವಿ ಸಂದರ್ಶನದಲ್ಲಿ ಬಾಲ್ಡ್ವಿನ್ ಇದನ್ನು ನೆನೆಯುತ್ತಾನೆ. ‘ನಿನಗಿದೆ’ ಅಂತ ಹೇಳಲು ತನ್ನ ಬಳಿ ಪುರಾವೆಯೇ ಇರಲಿಲ್ಲ ಅನ್ನುತ್ತಾನೆ. ಅಷ್ಟು ಮಾತು ಬಲ್ಲವನಿಗೆ ಒಂದು ಮಗುವಿಗೆ ಸಮಾಧಾನ ಹೇಳಲು ಆಗಲಿಲ್ಲ. ಅವನ ಸಿಟ್ಟು ಹುಟ್ಟಿದ್ದು ಇಂಥ ಕಡೆ ಅಲ್ವಾ?

ಚಿತ್ರದ ಸುಮಾರು 15 ನಿಮಿಷ ಕತ್ತರಿಸಿಯೇ ಪ್ರಸಾರ ಮಾಡಿದರು. ಆ ಭಾಗ ಜನರ ಮುಂದೆ ಬರಲು ಹೆಚ್ಚುಕಮ್ಮಿ 50 ವರ್ಷ ಬೇಕಾಯಿತು. ಅದನ್ನು ನೆನೆದರೆ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ.

ಭಾನುವಾರ ಬಾ. ಇಬ್ಬರೂ ಕೂತು ಪೂರ್ತಿ ನೋಡೋಣ. ಹುಡುಗರು ಮಾತಾಡುವಾಗ ಬಾಲ್ಡ್ವಿನ್ ಮುಖ ನೋಡು.

ನಿನ್ನ ಗೆಳೆಯ