ಸುಸ್ತಿದಾರರು ಯಾರೆಂದು ಚುನಾವಣೆಗೆ ಮೊದಲೇ ಹೇಳಿ

ಸಂಪಾದಕರಿಗೆ,

ಮಾನ್ಯರೇ,

ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘಗಳ ಚುನಾವಣೆಯಲ್ಲಿ ಅರ್ಧ ಫಲಿತಾಂಶ ನಾಮಪತ್ರ ಪರಿಶೀಲನೆಯ ದಿನವೇ ಹೊರಬೀಳುತ್ತದೆ. ಯಾರದು ತಿರಸ್ಕಾರ, ಯಾರು ಅವಿರೋಧ ಎಂಬುದು ಅಂದೇ ಗೊತ್ತಾಗುತ್ತದೆ. ನಮ್ಮೂರ ಸೊಸೈಟಿಯಲ್ಲಿ ಕಳೆದ ಸಲ ನಡೆದದ್ದನ್ನು ನೋಡಿದ ಮೇಲೆ ಈ ಬಗ್ಗೆ ಬರೆಯಲೇಬೇಕು ಅನ್ನಿಸಿತು.

ಸಾಲಗಾರರ ಕ್ಷೇತ್ರದಿಂದ ನಮ್ಮ ಓಣಿಯ ರೈತರೊಬ್ಬರು ನಿಂತಿದ್ದರು. ಸುಸ್ತಿದಾರರೆಂದು, ಅಂದರೆ ಗಡುವಿನೊಳಗೆ ಸಾಲ ಕಟ್ಟದವರೆಂದು, ಅವರ ನಾಮಪತ್ರ ತಿರಸ್ಕಾರವಾಯಿತು. ತಾವು ಸುಸ್ತಿದಾರ ಎಂಬುದು ಅವರಿಗೆ ಅಲ್ಲಿಯವರೆಗೆ ಗೊತ್ತೇ ಇರಲಿಲ್ಲ. 2018ರಲ್ಲಿ ಸರ್ಕಾರ ಸಹಕಾರ ಸಂಘಗಳ ಬೆಳೆಸಾಲವನ್ನು 1 ಲಕ್ಷ ರೂಪಾಯಿವರೆಗೆ ಮನ್ನಾ ಮಾಡಿತಲ್ಲ, ಅದರಲ್ಲಿ ತಮ್ಮ ಸಾಲವೂ ಹೋಯಿತು ಅಂದುಕೊಂಡಿದ್ದರು. ಆಧಾರ್, ರೇಷನ್ ಕಾರ್ಡ್, ಪಹಣಿ ಎಲ್ಲ ಕೊಟ್ಟು ಬಂದಿದ್ದರು. ಆದರೆ ಆಧಾರ್‌ನಲ್ಲಿ ಹೆಸರು ಒಂದು ಥರ, ಪಹಣಿಯಲ್ಲಿ ಇನ್ನೊಂದು ಥರ. ಮನ್ನಾದ ದುಡ್ಡು ಬರಲೇ ಇಲ್ಲ. ಲೆಡ್ಜರಿನಲ್ಲಿ ಬಾಕಿ ಹಾಗೇ ಉಳಿದು ಬಡ್ಡಿ ಬೆಳೆಯುತ್ತಾ ಹೋಯಿತು. ಇಷ್ಟು ವರ್ಷದಲ್ಲಿ ಅವರಿಗೆ ಒಂದು ನೋಟಿಸೂ ಬಂದಿರಲಿಲ್ಲ.

ಪರಿಶೀಲನೆ ದಿನ ಕಾರ್ಯದರ್ಶಿ ಪಟ್ಟಿ ತಂದು ಚುನಾವಣಾಧಿಕಾರಿ ಮುಂದೆ ಇಟ್ಟರು. ‘ಎಷ್ಟೈತಿ ಹೇಳ್ರಿ, ಈಗಲೇ ತುಂಬತೀನಿ’ ಎಂದು ಈ ರೈತರು ಕೇಳಿಕೊಂಡರು. ‘ನಿನ್ನೆಗೇ ಮುಗೀತ್ರಿ, ಈಗ ತುಂಬಿದರ ಉಪಯೋಗಿಲ್ಲ’ ಎಂಬ ಉತ್ತರ ಬಂತು. ಲೆಡ್ಜರಿನ ನಕಲು ಕೇಳಿದರೆ ಅದನ್ನೂ ಕೊಡಲಿಲ್ಲ.

ಅದೇ ಚುನಾವಣೆಯಲ್ಲಿ ಬಾಕಿ ಇದ್ದ ಇನ್ನೊಬ್ಬರಿಗೆ ವಿಷಯ ಮೊದಲೇ ತಿಳಿದಿತ್ತು. ಅವರು ಹೊರಗೆ ಬಡ್ಡಿಗೆ ದುಡ್ಡು ತಂದು ಸೊಸೈಟಿಗೆ ತುಂಬಿ, ನಾಮಪತ್ರ ಕೊಟ್ಟು ಗೆದ್ದರು. ಆಮೇಲೆ ಸಾಲವನ್ನು ಮತ್ತೆ ಎತ್ತಿ ಆ ಬಡ್ಡಿ ದುಡ್ಡು ತೀರಿಸಿದರು. ಕಾನೂನಿನ ಪ್ರಕಾರ ಇದರಲ್ಲಿ ತಪ್ಪೇನೂ ಇಲ್ಲ, ಅವರನ್ನು ನಾನು ದೂರುವುದೂ ಇಲ್ಲ. ಆದರೆ ದೇಶದ ಮೊದಲ ಸಹಕಾರ ಸಂಘಗಳಲ್ಲಿ ಒಂದು ಹುಟ್ಟಿದ್ದು ನಮ್ಮದೇ ಜಿಲ್ಲೆಯ ಕಣಗಿನಹಾಳದಲ್ಲಿ, 1905ರಲ್ಲಿ. ರೈತ ಸಾಹುಕಾರನ ಬಡ್ಡಿಯಿಂದ ಪಾರಾಗಲಿ ಎಂದೇ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರಂಥವರು ಇದಕ್ಕೆ ಕೈ ಹಾಕಿದ್ದು. ಇವತ್ತು ಸೊಸೈಟಿ ಚುನಾವಣೆಗೆ ನಿಲ್ಲುವುದಕ್ಕೇ ಸಾಹುಕಾರನ ಮನೆಗೆ ಹೋಗಬೇಕಾಗಿದೆ ಎಂದರೆ ಹೊಟ್ಟೆ ಉರಿಯುತ್ತದೆ.

ಸುಸ್ತಿದಾರರು ನಿಲ್ಲಬಾರದು ಎಂಬ ನಿಯಮ ಸರಿಯೇ ಇದೆ. ಸಾಲ ತುಂಬದವರು ಸಾಲ ಹಂಚುವ ಕುರ್ಚಿಯಲ್ಲಿ ಕೂರಬಾರದು. ಬಡ್ಡಿ ಇಲ್ಲದ ಸಾಲದ ಮಿತಿಯನ್ನು 3 ಲಕ್ಷದಿಂದ 5 ಲಕ್ಷಕ್ಕೆ ಏರಿಸುವುದಾಗಿ 2023ರ ಬಜೆಟ್ಟಿನಲ್ಲಿ ಹೇಳಿದ ಮೇಲಂತೂ ಆ ಕುರ್ಚಿಗೆ ಬೆಲೆ ಜಾಸ್ತಿಯಾಗಿದೆ. ಅದಕ್ಕೇ ಹೇಳುತ್ತಿದ್ದೇನೆ, ಪಟ್ಟಿ ಯಾರೋ ಒಬ್ಬರ ಕಪಾಟಿನಲ್ಲಿ ಇರಬಾರದು. ಅದನ್ನು ತಯಾರಿಸುವವರು ಸಂಘದ ಕಾರ್ಯದರ್ಶಿ. ಅವರ ಮೇಲೆ ಅಧಿಕಾರ ಇರುವುದು ಹಾಲಿ ಆಡಳಿತ ಮಂಡಳಿಗೆ. ಆ ಮಂಡಳಿಯ ನಿರ್ದೇಶಕರೇ ಮತ್ತೆ ಅಭ್ಯರ್ಥಿಗಳು! ಹೊರಗಿನಿಂದ ಬರುವ ಚುನಾವಣಾಧಿಕಾರಿ ತಮ್ಮ ಕೈಗೆ ಕೊಟ್ಟ ಪಟ್ಟಿಯನ್ನೇ ನಂಬಬೇಕು.

ಅನ್ಯಾಯ ಆಗಿದ್ದರೆ ದಾವೆ ಹಾಕಿ ಅನ್ನುತ್ತಾರೆ. ಫಲಿತಾಂಶ ಬಂದ ಮೇಲೆ ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಂ ಹಿಡಿದು ಹೋಗಬಹುದು, ನಿಜ. ಆದರೆ ಮಂಡಳಿಯ ಅವಧಿಯೇ 5 ವರ್ಷ. ದಾವೆ ಎಳೆದಾಡಿದರೆ ಆ ಅವಧಿಯೇ ಮುಗಿದುಹೋಗುತ್ತದೆ. ದುಡ್ಡು, ಓಡಾಟ ಎರಡೂ ಆಗುವವರು ಧಾರವಾಡದ ಹೈಕೋರ್ಟ್ ಪೀಠಕ್ಕೆ ಹೋಗುತ್ತಾರೆ. ಹಿಂದಿನ ಚುನಾವಣೆಗಳಲ್ಲಿ ಮಹಾಸಭೆಗೆ ಬಂದಿಲ್ಲ ಎಂದು ಮತದಾರರನ್ನೇ ಅನರ್ಹ ಮಾಡಿದಾಗ ಆಗಿದ್ದೂ ಇದೇ. ಕೋರ್ಟಿನ ಮಧ್ಯಂತರ ಆದೇಶ ತಂದವರಿಗೆ ಬೇರೆ ಮತಪೆಟ್ಟಿಗೆ ಇಟ್ಟರು. ತರಲಾಗದವರು ಮನೆಯಲ್ಲಿ ಕೂತರು.

ಅತ್ತ, ಸಂಘದ ದುಡ್ಡು ದುರುಪಯೋಗವಾದ ಕಡೆ 64ನೇ ಕಲಂ ವಿಚಾರಣೆ, 69ನೇ ಕಲಂ ವಸೂಲಿ ಆದೇಶ, ಅದರ ಮೇಲೆ ಅಪೀಲು ಎಂದು ವರ್ಷಗಟ್ಟಲೆ ಎಳೆಯುತ್ತದೆ. ಅಷ್ಟರಲ್ಲಿ ಇನ್ನೊಂದು ಚುನಾವಣೆ ಬಂದಿರುತ್ತದೆ. ಸಣ್ಣ ಬಾಕಿಗೆ ಒಂದೇ ದಿನದಲ್ಲಿ ತೀರ್ಪು ಕೊಡುವ ವ್ಯವಸ್ಥೆಗೆ ದೊಡ್ಡ ಪ್ರಕರಣದಲ್ಲಿ ಯಾಕೆ ಇಷ್ಟು ನಿಧಾನ?

ರಾಜ್ಯ ಸಹಕಾರ ಚುನಾವಣಾ ಪ್ರಾಧಿಕಾರಕ್ಕೂ ಸಹಕಾರ ಇಲಾಖೆಗೂ ನನ್ನ ಬೇಡಿಕೆ ಇಷ್ಟೇ. ಚುನಾವಣೆಗೆ ಎರಡು ತಿಂಗಳ ಮೊದಲೇ ಸುಸ್ತಿದಾರರ ಪಟ್ಟಿಯನ್ನು ಸಂಘದ ಬಾಗಿಲಿಗೂ ಪಂಚಾಯಿತಿ ಬೋರ್ಡಿಗೂ ಹಚ್ಚಿ. ಆಕ್ಷೇಪ ಇದ್ದವರ ಮಾತನ್ನು ಸಹಕಾರ ಇಲಾಖೆಯ ಸಹಾಯಕ ನಿಬಂಧಕರು ಕೇಳಿ, ನಾಮಪತ್ರ ಶುರುವಾಗುವ ಮೊದಲೇ ತೀರ್ಮಾನ ಮಾಡಲಿ. ನಾಮಪತ್ರ ತಿರಸ್ಕಾರ ಮಾಡುವುದಾದರೆ ಆದೇಶದ ಜೊತೆ ಲೆಡ್ಜರಿನ ನಕಲನ್ನೂ ಕೊಡಲಿ. ಇನ್ನು ಮಹಾಸಭೆಯ ನೋಟಿಸು ಹೇಗೂ ಪ್ರತಿ ವರ್ಷ ಸದಸ್ಯರಿಗೆ ಕಳಿಸಬೇಕು. ಅದರಲ್ಲೇ ಅಸಲು ಎಷ್ಟು, ಬಡ್ಡಿ ಎಷ್ಟು, ಕಟ್ಟುವ ಕೊನೆಯ ದಿನ ಯಾವುದು ಎಂದು ಒಂದು ಸಾಲು ಬರೆದರೆ ಸಾಕು. ಇದಕ್ಕೆ ಹೊಸ ಕಾನೂನು ಬೇಕಿಲ್ಲ, ಒಂದು ಸುತ್ತೋಲೆ ಸಾಕು. ಬರುವ ಮಹಾಸಭೆಯ ನೋಟಿಸಿನಿಂದಲೇ ಶುರು ಮಾಡಬಹುದು.

– ಸಹಕಾರ ಸಂಘವೊಂದರ ಷೇರುದಾರ, ಗದಗ ಜಿಲ್ಲೆ