ಶಾಸನವನ್ನು ಅರ್ಧಕ್ಕೇ ಓದಿದರೆ

ಮಾನ್ಯ ಸಂಪಾದಕರೆ,

2023ರ ಚುನಾವಣೆಗೆ ಮುನ್ನ ಮಂಡ್ಯದಲ್ಲಿ ಉರಿಗೌಡ–ನಂಜೇಗೌಡರ ಹೆಸರಿನ ಕಮಾನು ಎದ್ದಿತು, ವಿವಾದವಾದೊಡನೆ ಇಳಿಯಿತು. ಟಿಪ್ಪುವನ್ನು ಕೊಂದವರಿವರು ಎಂಬುದಕ್ಕೆ ಸಮಕಾಲೀನ ದಾಖಲೆ ಕೇಳಿದರೆ ಉತ್ತರವಿಲ್ಲ.

ಇಲ್ಲದ್ದನ್ನು ಸೃಷ್ಟಿಸುವುದಕ್ಕಿಂತ ಇರುವುದನ್ನು ಕತ್ತರಿಸುವುದೇ ಹೆಚ್ಚು ಅಪಾಯ. ಶ್ರವಣಬೆಳಗೊಳದ ಭಂಡಾರಿ ಬಸದಿಯಲ್ಲಿರುವ, ವಿಜಯನಗರದ ಅರಸ ಬುಕ್ಕರಾಯನ ಶಾಸನವನ್ನೇ ನೋಡಿ. ಜೈನರ ಕೈಯನ್ನು ವೈಷ್ಣವರ ಕೈಯಲ್ಲಿಟ್ಟ ಸಾಲನ್ನು ವೇದಿಕೆಗಳಲ್ಲಿ ಕೇಳುತ್ತೇವೆ. ಜೈನರು ರಾಜನ ಬಳಿ ದೂರು ಒಯ್ಯಬೇಕಾಗಿ ಬಂದದ್ದನ್ನು ಯಾರೂ ಹೇಳುವುದಿಲ್ಲ. ಮನೆಗೆ ವರ್ಷಕ್ಕೊಂದು 'ಹಣ' (ಅಂದಿನ ನಾಣ್ಯ) ಎತ್ತಿ, ಬೆಳಗೊಳದ ದೇವರಿಗೆ 20 ಕಾವಲಾಳುಗಳನ್ನಿಟ್ಟು, ಉಳಿದದ್ದರಲ್ಲಿ ಜೀರ್ಣ ಬಸದಿಗಳಿಗೆ ಸುಣ್ಣ ಬಳಿಸಬೇಕೆಂಬ ಕಟ್ಟಳೆಯೂ ಅಲ್ಲೇ ಇದೆ. ಜಗಳ, ತೀರ್ಪು, ಖರ್ಚು ಮೂರನ್ನೂ ಒಟ್ಟಿಗೆ ಓದಬೇಕು.

ಮೊಬೈಲಿಗೆ ಬರುವ 'ಶಾಸನ'ದ ಕಾಲವನ್ನು ಮನೆಯಲ್ಲೇ ತಾಳೆ ನೋಡಬಹುದು. ಬುಕ್ಕರಾಯನ ಶಾಸನದ್ದು ಶಕ 1290, ಕೀಲಕ ಸಂವತ್ಸರ. 78 ಕೂಡಿಸಿ: ಕ್ರಿ.ಶ. 1368. ಶಕಕ್ಕೆ 12 ಕೂಡಿಸಿ 60ರಿಂದ ಭಾಗಿಸಿದರೆ ಶೇಷ 42. 60 ಸಂವತ್ಸರಗಳನ್ನು ಪ್ರಭವದಿಂದ ಎಣಿಸಿದರೆ 42ನೆಯದು ಕೀಲಕವೇ. ಗತ ಶಕ (ಕಳೆದ ವರ್ಷಗಳ ಎಣಿಕೆ), ವರ್ತಮಾನ ಶಕದ (ನಡೆಯುತ್ತಿರುವ ವರ್ಷವನ್ನೂ ಸೇರಿಸಿದ ಎಣಿಕೆ) ಲೆಕ್ಕದಲ್ಲಿ ಒಂದು ವರ್ಷ ಆಚೀಚೆಯಾದೀತು. ಹತ್ತು ವರ್ಷ ತಪ್ಪಿದರೆ ಅನುಮಾನಿಸಿ, ಕರ್ನಾಟಕದ ಶಾಸನಗಳ ಪಾಠಗಳನ್ನು ಸಂಗ್ರಹಿಸಿರುವ 'ಎಪಿಗ್ರಾಫಿಯಾ ಕರ್ನಾಟಿಕಾ' ಸಂಪುಟದಲ್ಲಿ ಪೂರ್ಣ ಪಾಠ ಹುಡುಕಿ. ಶಾಸನದ ಸಂಖ್ಯೆ, ಊರು ಎರಡೂ ಇಲ್ಲದ ಚಿತ್ರವನ್ನು ದಯವಿಟ್ಟು ಮುಂದಕ್ಕೆ ಕಳಿಸಬೇಡಿ.

– ಓರ್ವ ಶಾಸನಾಸಕ್ತ, ಹಾಸನ